ಗರ್ಭಗುಡಿಯ ಕೀಲಿ ಯಾರ ಕೈಗೆ?

ಅಪ್ಪನ ನಂತರ ಮಗ ಗಂಟೆ ಹಿಡಿಯುವುದು ತಮಿಳುನಾಡಿನ ದೊಡ್ಡ ದೇಗುಲಗಳ ಹಳೆಯ ರೂಢಿ. 1970ರಲ್ಲಿ ಪೆರಿಯಾರ್ ಗರ್ಭಗುಡಿ ಪ್ರವೇಶದ ಚಳವಳಿಗೆ ಕರೆ ಕೊಟ್ಟರು. ಅದರ ಬೆನ್ನಿಗೇ ಕರುಣಾನಿಧಿ ಸರ್ಕಾರ ಅರ್ಚಕಿಕೆಯ ವಂಶಪಾರಂಪರ್ಯವನ್ನು ಕಾನೂನಿನಿಂದಲೇ ತೆಗೆದುಹಾಕಿತು.

ಅರ್ಚಕರು ಸುಪ್ರೀಂ ಕೋರ್ಟಿನ ಮೆಟ್ಟಿಲೇರಿದರು. 1972ರ ಶೇಷಮ್ಮಾಳ್ ತೀರ್ಪಿನಲ್ಲಿ ಹಾವೂ ಸಾಯಲಿಲ್ಲ, ಕೋಲೂ ಮುರಿಯಲಿಲ್ಲ. ನೇಮಕವೆಂಬುದು ಲೌಕಿಕ ಕೆಲಸ, ಹಾಗಾಗಿ ಕಾನೂನು ಸರಿ. ಆದರೆ ವಿಗ್ರಹ ಮುಟ್ಟುವವರು ಯಾರೆಂದು ಪೂಜಾವಿಧಿಯ ಶಾಸ್ತ್ರವಾದ ಆಗಮ ಹೇಳಿದ್ದರೆ ಅದನ್ನು ಮೀರುವಂತಿಲ್ಲ! ಆಗಮದ ಚರ್ಚೆಯಲ್ಲಿ ನ್ಯಾಯಾಲಯಕ್ಕೆ ನೆರವಾದದ್ದು ನಮ್ಮ ಮೂಲ್ಕಿ ವೆಂಕಟರಮಣ ದೇಗುಲದ 1958ರ ತೀರ್ಪು. ಅದು ಪೂಜಾರಿಯ ತಕರಾರಲ್ಲ, ದೇಗುಲ ಪ್ರವೇಶದ್ದು.

ಕೇರಳದ ದಾರಿಯೇ ಬೇರೆ. ಎರ್ನಾಕುಲಂ ಜಿಲ್ಲೆಯ ನೀರಿಕ್ಕೋಡ್ ಶಿವ ದೇಗುಲಕ್ಕೆ ತಿರುವಾಂಕೂರು ದೇವಸ್ವಂ ಮಂಡಳಿ ಮಲಯಾಳ ಬ್ರಾಹ್ಮಣರಲ್ಲದವರನ್ನು ನೇಮಿಸಿದಾಗ ವ್ಯಾಜ್ಯ ಹುಟ್ಟಿತು. ಪೂಜಾವಿಧಿ ಬಲ್ಲವನಾದರೆ ಸಾಕು, ಜಾತಿ ಕೇಳಬೇಕಿಲ್ಲ ಎಂದು 2002ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು.

ತಮಿಳುನಾಡಿನಲ್ಲಿ ಮಾತ್ರ ಗಂಟು ಬಿಚ್ಚಲಿಲ್ಲ. ಅರ್ಹ ಹಿಂದೂ ಯಾರಾದರೂ ಅರ್ಚಕರಾಗಬಹುದೆಂಬ 2006ರ ಆದೇಶದ ಬಗ್ಗೆ ತೀರ್ಪು ಬರಲು 2015 ಆಯಿತು. ಆಯಾ ದೇಗುಲದ ಆಗಮ ನೋಡಿಯೇ ನಿರ್ಧರಿಸಬೇಕೆಂದಿತು ಆ ತೀರ್ಪು. 2021ರ ಆಗಸ್ಟಿನಲ್ಲಿ ಸ್ಟಾಲಿನ್ ಸರ್ಕಾರ ತರಬೇತಿ ಪಡೆದ 24 ಮಂದಿಗೆ ನೇಮಕಪತ್ರ ಕೊಟ್ಟಿತು. ಮತ್ತೆ ಕೋರ್ಟು. ಆಗಮಕ್ಕೆ ಒಳಪಟ್ಟ ದೇಗುಲಗಳು ಯಾವುವೆಂದು ಗುರುತಿಸಲು ಸಮಿತಿ ರಚಿಸುವಂತೆ 2022ರ ಆಗಸ್ಟಿನಲ್ಲಿ ಮದ್ರಾಸ್ ಹೈಕೋರ್ಟ್ ಆದೇಶಿಸಿತು.