'ಪಾಕೀಝಾ'ದ ಹಿಂದಿನ ಜರ್ಮನ್ ಕಣ್ಣು

'ಪಾಕೀಝಾ' ಎಂದೊಡನೆ ಮೀನಾ ಕುಮಾರಿ ನೆನಪಾಗುತ್ತಾರೆ, ನಿರ್ದೇಶಕ ಕಮಾಲ್ ಅಮ್ರೋಹಿ ನೆನಪಾಗುತ್ತಾರೆ. ಲಕ್ನೋದ ನವಾಬಿ ಸಂಸ್ಕೃತಿಯ ಆ ಚಿತ್ರಕ್ಕೆ ಕ್ಯಾಮರಾ ಹಿಡಿದವರು ಜರ್ಮನಿಯ ಮ್ಯೂನಿಕ್‌ನವರು ಎಂಬುದು ಹೆಚ್ಚಿನವರಿಗೆ ತಿಳಿದಿಲ್ಲ. ಅವರೇ ಜೋಸೆಫ್ ವಿರ್ಶಿಂಗ್.

1903ರಲ್ಲಿ ಹುಟ್ಟಿದ ವಿರ್ಶಿಂಗ್ ಎಮೆಲ್ಕಾ ಸ್ಟುಡಿಯೋದಲ್ಲಿ ಕೆಲಸ ಮಾಡುತ್ತಿದ್ದರು. 1925ರಲ್ಲಿ ಬುದ್ಧನ ಕುರಿತ ಮೂಕಿಚಿತ್ರ 'ಲೈಟ್ ಆಫ್ ಏಷ್ಯಾ'ಕ್ಕಾಗಿ ಹಿಮಾಂಶು ರಾಯ್ ಜರ್ಮನ್ ತಂಡವೊಂದನ್ನು ಭಾರತಕ್ಕೆ ಕರೆತಂದರು. ನಿರ್ದೇಶಕ ಫ್ರಾಂಝ್ ಓಸ್ಟೆನ್ ಜೊತೆ ವಿರ್ಶಿಂಗ್ ಕೂಡ ಬಂದರು. 1934ರಲ್ಲಿ ರಾಯ್ ಮತ್ತು ದೇವಿಕಾ ರಾಣಿ ಮುಂಬೈಯ ಮಲಾಡ್‌ನಲ್ಲಿ ಬಾಂಬೆ ಟಾಕೀಸ್ ಕಟ್ಟಿದಾಗ ಇಬ್ಬರೂ ಅಲ್ಲಿ ಸೇರಿದರು.

1936ರ 'ಅಛೂತ್ ಕನ್ಯಾ' ಬ್ರಾಹ್ಮಣ ಹುಡುಗ ಮತ್ತು ಅಸ್ಪೃಶ್ಯ ಹುಡುಗಿಯ ಪ್ರೇಮಕಥೆ. ಕಥೆ ಬಂಗಾಳಿ ನಿರಂಜನ್ ಪಾಲ್ ಅವರದು, ಸಂಗೀತ ಪಾರ್ಸಿ ಮಹಿಳೆ ಸರಸ್ವತಿ ದೇವಿಯವರದು, ಛಾಯಾಗ್ರಹಣ ವಿರ್ಶಿಂಗ್ ಅವರದು. ವಿಪರ್ಯಾಸವೆಂದರೆ, ಜಾತಿಯ ಕ್ರೌರ್ಯವನ್ನು ತೋರಿಸಿದ ಈ ಚಿತ್ರದ ನಿರ್ದೇಶಕ ಓಸ್ಟೆನ್ ಅದೇ ವರ್ಷ ಹಿಟ್ಲರನ ನಾಝಿ ಪಕ್ಷದ ಸದಸ್ಯರಾದರು. ಕಲೆ ಕಲಾವಿದನನ್ನು ತಾನಾಗಿಯೇ ತಿದ್ದುವುದಿಲ್ಲ.

1939ರಲ್ಲಿ ಯುದ್ಧ ಆರಂಭವಾದಾಗ ಬ್ರಿಟಿಷ್ ಸರಕಾರ ಭಾರತದಲ್ಲಿದ್ದ ಜರ್ಮನ್ನರನ್ನು ಶತ್ರುದೇಶದವರೆಂದು ಬಂಧಿಸಿತು. ನಾಝಿಗಳಿಂದ ತಪ್ಪಿಸಿಕೊಂಡು ಬಂದಿದ್ದ ಯಹೂದಿ ನಿರಾಶ್ರಿತರನ್ನೂ ಆರಂಭದಲ್ಲಿ ಬಿಡಲಿಲ್ಲ. ಮನುಷ್ಯನ ನಡತೆಯನ್ನಲ್ಲ, ಪಾಸ್‌ಪೋರ್ಟನ್ನು ನೋಡಿ ತೀರ್ಪು ಕೊಡುವ ಪರಿಪಾಠ ಹೊಸದೇನಲ್ಲ. ಓಸ್ಟೆನ್ ಬಿಡುಗಡೆಯಾಗಿ ಜರ್ಮನಿಗೆ ಮರಳಿದರು. ವಿರ್ಶಿಂಗ್ ಯುದ್ಧದ ವರ್ಷಗಳನ್ನು ಬಂಧನ ಶಿಬಿರಗಳಲ್ಲಿ ಕಳೆದರು. ಹಿಮಾಂಶು ರಾಯ್ 1940ರಲ್ಲೇ ತೀರಿಕೊಂಡಿದ್ದರು.

ತನ್ನನ್ನು ಶತ್ರುವೆಂದು ಕೂಡಿಹಾಕಿದ ನೆಲದಲ್ಲೇ ವಿರ್ಶಿಂಗ್ ಮತ್ತೆ ಕೆಲಸಕ್ಕೆ ಇಳಿದರು. 1949ರ 'ಮಹಲ್'ನಲ್ಲಿ ಹಳೆಯ ಬಂಗಲೆಯ ಕತ್ತಲು, ಅದರೊಳಗೆ ಕಂಡು ಮರೆಯಾಗುವ ಮಧುಬಾಲಾರ ಮುಖ ಪ್ರೇಕ್ಷಕರನ್ನು ಹಿಡಿದಿಟ್ಟವು. ಕಮಾಲ್ ಅಮ್ರೋಹಿ ನಿರ್ದೇಶಿಸಿದ ಮೊದಲ ಚಿತ್ರವದು. ಆ ಗೆಳೆತನ 'ಪಾಕೀಝಾ'ದ ತನಕ ಮುಂದುವರಿಯಿತು.

'ಪಾಕೀಝಾ'ದ ಕೆಲಸ ಹಲವು ವರ್ಷ ನಿಂತುಹೋಯಿತು. 1967ರಲ್ಲಿ ವಿರ್ಶಿಂಗ್ ಮುಂಬೈಯಲ್ಲಿ ನಿಧನರಾದರು. ಮರುವರ್ಷ ಸಂಗೀತ ನಿರ್ದೇಶಕ ಗುಲಾಮ್ ಮುಹಮ್ಮದ್ ತೀರಿಕೊಂಡರು. ಉಳಿದ ದೃಶ್ಯಗಳನ್ನು ಬೇರೆ ಛಾಯಾಗ್ರಾಹಕರು ಪೂರ್ತಿಗೊಳಿಸಿದರು. 1972ರ ಫೆಬ್ರವರಿಯಲ್ಲಿ ಚಿತ್ರ ತೆರೆಕಂಡಿತು. ಮಾರ್ಚ್ ಕೊನೆಗೆ ಮೀನಾ ಕುಮಾರಿಯೂ ಇರಲಿಲ್ಲ.

ವಿರ್ಶಿಂಗ್ ತೆಗೆದ ಸ್ಥಿರಚಿತ್ರಗಳನ್ನು ಕುಟುಂಬದವರು ಕಾಪಾಡಿಕೊಂಡು ಬಂದರು. 2017ರಲ್ಲಿ ಗೋವಾದಲ್ಲಿ ಅವುಗಳ ಪ್ರದರ್ಶನ ನಡೆಯಿತು. ಹಿಂದಿ ಸಿನಿಮಾದ ಪರಂಪರೆ ಯಾರೊಬ್ಬರ ಸ್ವತ್ತು ಎಂದು ವಾದಿಸುವವರು ಆ ಚಿತ್ರಗಳನ್ನೊಮ್ಮೆ ನೋಡಬೇಕು.