ಹೂಗಳ್ಳನ ಬಾಳು

ಚಿತ್ರನಟನೆಂದೊಡನೆ ಹಣ, ಬಂಗಲೆಗಳು ನೆನಪಿಗೆ ಬರುವುದು ಸಹಜ. ಇವೆರಡೂ ಇಲ್ಲದೆ ಚಲಚ್ಚಿತ್ರದ ಇತಿಹಾಸದಲ್ಲಿ ಹೆಸರುಳಿಸಿದವನು ಅಮೆರಿಕದ ಟೇಲರ್ ಮೀಡ್. 1924ರಲ್ಲಿ ಮಿಶಿಗನ್ ರಾಜ್ಯದ ಸಿರಿವಂತ ಮನೆಯಲ್ಲಿ ಹುಟ್ಟಿದ ಈತ, ಷೇರು ದಲ್ಲಾಳಿಗಳ ಕಚೇರಿಯ ಕೆಲಸ ತೊರೆದು ಊರೂರು ಅಲೆದನು. ಕಾಫಿ ಅಂಗಡಿಗಳಲ್ಲಿ ಕವಿತೆ ಓದಿದನು.

1960ರಲ್ಲಿ ರಾನ್ ರೈಸ್ ಎಂಬ ತರುಣನು ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಅತ್ಯಲ್ಪ ವೆಚ್ಚದಲ್ಲಿ ತೆಗೆದ ‘ದಿ ಫ್ಲವರ್ ಥೀಫ್’, ಅಂದರೆ ‘ಹೂಗಳ್ಳ’, ಚಿತ್ರಕ್ಕೆ ಮೀಡನೇ ನಾಯಕ. ಅದರಲ್ಲಿ ಕಥೆಯ ಕಟ್ಟು ಸಡಿಲ. ಆಟದ ಕರಡಿಯೊಡನೆ ಬೀದಿ ಸುತ್ತುವ ಮುಗ್ಧ ಅಲೆಮಾರಿಯ ಮುಖವೇ ಚಿತ್ರದ ಭಾಷೆ. ಸ್ಟುಡಿಯೋಗಳ ಹಂಗಿಲ್ಲದ ‘ಭೂಗತ’ ಚಿತ್ರಪಂಥಕ್ಕೆ ಅದೊಂದು ಮೈಲಿಗಲ್ಲಾಯಿತು. 1963ರಲ್ಲಿ ಆಂಡಿ ವಾರ್ಹಾಲ್ ಈ ನರಪೇತಲನನ್ನೇ ಟಾರ್ಜನ್ನನನ್ನಾಗಿ ಮಾಡಿ ಹಾಲಿವುಡ್ಡಿನ ಬಲಭೀಮರನ್ನು ಅಣಕಿಸಿದನು.

ಕಾಲಕ್ರಮದಲ್ಲಿ ಅಂಥ ಚಿತ್ರಗಳು ಸಂಗ್ರಹಾಲಯಗಳನ್ನು ಸೇರಿದವು. ನಟನು ಮಾತ್ರ ನ್ಯೂಯಾರ್ಕಿನ ಲಡ್ಲೋ ಬೀದಿಯ ಹಳೆಯ ಬಾಡಿಗೆಮನೆಯಲ್ಲಿ ಮೂರು ದಶಕಗಳಿಗೂ ಹೆಚ್ಚು ಕಾಲ ಕಳೆದನು. ಮನೆಯೊಡೆಯನೊಡನೆ ವ್ಯಾಜ್ಯವಾಗಿ 2013ರಲ್ಲಿ ಅದನ್ನೂ ಬಿಟ್ಟು ಹೊರಟವನು, ಕೆಲವೇ ವಾರಗಳಲ್ಲಿ, 88ನೆಯ ವಯಸ್ಸಿನಲ್ಲಿ, ಡೆನ್ವರಿನಲ್ಲಿ ತೀರಿಕೊಂಡನು.

ಚಿತ್ರವನ್ನು ಕಾಪಾಡಿದಷ್ಟು ಜತನದಿಂದ ನಟನನ್ನು ಯಾರೂ ಕಾಪಾಡಲಿಲ್ಲವೆಂಬ ಮಾತನ್ನೂ ಆ ಪಂಥದ ಇತಿಹಾಸಕ್ಕೆ ಸೇರಿಸಬೇಕು.