ಆದಾಯದ ಕಾಲಂ

ತುಮಕೂರಿನ ಕೋರ್ಟಿನಲ್ಲಿ ವಕೀಲರ ಗುಮಾಸ್ತನಾಗಿ ನಾನು ಟೈಪು ಮಾಡಿದ ಅರ್ಜಿಗಳಲ್ಲಿ ಎಂ.ವಿ.ಸಿ., ಅಂದರೆ ಮೋಟಾರು ಅಪಘಾತ ಪರಿಹಾರದ ಕೇಸುಗಳದೇ ಸಿಂಹಪಾಲು. ಪುಣೆ ರಸ್ತೆ ಊರ ಪಕ್ಕದಲ್ಲೇ ಇರುವಾಗ ಅವುಗಳಿಗೆ ಬರವೆಲ್ಲಿ? ಎಫ್‌ಐಆರ್, ಮಹಜರು, ಮರಣೋತ್ತರ ವರದಿ, ವಂಶವೃಕ್ಷ ಎಲ್ಲವನ್ನೂ ಪ್ಲಾಸ್ಟಿಕ್ ಕವರಿನಲ್ಲಿ ಹಿಡಿದು ಬಂದವರನ್ನು ಎದುರಿಗೆ ಕೂರಿಸಿಕೊಂಡು ಹೆಸರು, ವಿಳಾಸ, ವಯಸ್ಸು ಕೇಳುವವರೆಗೆ ಬೆರಳು ಸಲೀಸಾಗಿ ಓಡುತ್ತಿತ್ತು. ಮೃತರ ಉದ್ಯೋಗ, ತಿಂಗಳ ಆದಾಯದ ಕಾಲಂ ಬಂದಾಗ ಮಾತ್ರ ಮೆಷಿನ್ನು ನಿಲ್ಲುತ್ತಿತ್ತು.

1996ರ ಸುಮಾರಿಗೆ ಶಿರಾ ಕಡೆಯ ರೈತನೊಬ್ಬ ಬಂದ. ಲಾರಿಗೆ ಸಿಕ್ಕಿ ಸತ್ತ ಹೆಂಡತಿಗೆ ಮೂವತ್ತೆರಡು ವಯಸ್ಸು.

“ಏನ್ ಕೆಲ್ಸ ಮಾಡ್ತಿದ್ರಪ್ಪಾ?”

“ಏನಿಲ್ಲ ಸಾರ್. ಮನೇಲೇ ಇದ್ಲು.”

ಆ ‘ಏನಿಲ್ಲ’ ಬಲು ಹಳೆಯದು. 1808ರಲ್ಲಿ ಇಂಗ್ಲೆಂಡಿನಲ್ಲಿ ಸಾರೋಟು ಮಗುಚಿ ಒಬ್ಬನ ಹೆಂಡತಿ ಸತ್ತಾಗ, ಅವಳು ಗಾಯಗೊಂಡು ಬದುಕಿದ್ದ ದಿನಗಳಿಗಷ್ಟೇ ಅವನಿಗೆ ಪರಿಹಾರ ಸಿಕ್ಕಿತು. ಸಾವಿಗೆ ದಾವೆಯೇ ಇಲ್ಲ ಎಂದರು ನ್ಯಾಯಾಧೀಶ ಲಾರ್ಡ್ ಎಲೆನ್‌ಬರೊ. ಕೈಕಾಲು ಮುರಿದವನು ದುಡ್ಡು ಕೊಡಬೇಕು, ಕೊಂದವನು ಕೊಡಬೇಕಿಲ್ಲ! ರೈಲು ಬಂದು ಸಾವುಗಳು ಹೆಚ್ಚಿದ ಮೇಲೆ, 1846ರಲ್ಲಿ ಅಲ್ಲಿ ಕಾನೂನು ಬದಲಾಯಿತು. 1855ರಲ್ಲಿ ಅದರದೇ ಪಡಿಯಚ್ಚು ನಮ್ಮಲ್ಲಿಗೂ ಬಂತು. ಹೆಂಡತಿ, ಗಂಡ, ತಂದೆತಾಯಿ, ಮಕ್ಕಳು ದಾವೆ ಹೂಡಬಹುದಾಯಿತು. ಆದರೆ ಅಳತೆಗೋಲು ಒಂದೇ: ಸತ್ತವರಿಂದ ಮನೆಗೆ ಎಷ್ಟು ದುಡ್ಡು ಬರುತ್ತಿತ್ತು?

ಮೋಟಾರು ಬಂದಿತು. 1939ರ ಮೋಟಾರು ಕಾಯ್ದೆ ವಿಧಿಸಿದ ಕಡ್ಡಾಯ ವಿಮೆ 1946ರಲ್ಲಿ ಜಾರಿಯಾಯಿತು. ಸಿವಿಲ್ ಕೋರ್ಟಿನ ಶುಲ್ಕಕ್ಕೂ ವಾಯಿದೆಗೂ ಬಡವರು ಹೆದರುತ್ತಿದ್ದುದರಿಂದ 1956ರ ತಿದ್ದುಪಡಿ ಪ್ರತ್ಯೇಕ ನ್ಯಾಯಮಂಡಳಿಗೆ ದಾರಿ ಮಾಡಿತು. 1982ರಿಂದ ಯಾರ ತಪ್ಪೆಂದು ಕೇಳದೆ ಸಾವಿಗೆ 15,000 ರೂಪಾಯಿ ಕೊಡುವುದಾಯಿತು. ಗುಜರಾತಿನ ಹುಡುಗನೊಬ್ಬ ಬಸ್ಸಿಗೆ ಸಿಕ್ಕಿ ಸತ್ತಾಗ ಒಡಹುಟ್ಟಿದವರೂ ಪರಿಹಾರ ಕೇಳಬಹುದೆಂದು 1987ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ತೀರ್ಪು ಬರೆದವರು ನಮ್ಮ ಪಾಂಡವಪುರ ಕಡೆಯ ಇ.ಎಸ್. ವೆಂಕಟರಾಮಯ್ಯನವರು. ಅಣ್ಣನೇ ಅಪ್ಪನಾಗಿ ನಿಲ್ಲುವ ಮನೆಗಳು 1855ರ ಪಟ್ಟಿಯಲ್ಲಿ ಇರಲಿಲ್ಲವಲ್ಲ.

ಲೆಕ್ಕ ಮಾತ್ರ ದುಡಿಮೆಯದೇ. 2009ರಲ್ಲಿ ಸುಪ್ರೀಂ ಕೋರ್ಟು ಖಚಿತಗೊಳಿಸಿದ ಪರಿಹಾರದ ಕೋಷ್ಟಕ ಇವತ್ತಿಗೂ ನನಗೆ ಬಾಯಿಪಾಠ. ಮೂವತ್ತೆಂಟರ ಗಾರೆ ಕೆಲಸದವನ ಸಂಪಾದನೆ ತಿಂಗಳಿಗೆ 6,000, ವರ್ಷಕ್ಕೆ 72,000. ಅವಲಂಬಿತರು ಮೂವರಾದರೆ ಅವನ ಸ್ವಂತ ಖರ್ಚಿಗೆಂದು ಮೂರನೇ ಒಂದು ಪಾಲು ಕಳೆದರೆ ಉಳಿಯುವುದು 48,000. ಆ ವಯಸ್ಸಿನ ಗುಣಕ 15. ಒಟ್ಟು 7,20,000. ಬದುಕಿದ್ದರೆ ಅವನ ಕೂಲಿ ಹೆಚ್ಚುತ್ತಿರಲಿಲ್ಲವೇ ಎಂದು, 2017ರಿಂದ ಇಂಥವರ ಆದಾಯಕ್ಕೆ ಶೇಕಡ 40 ಸೇರಿಸಿಯೇ ಗುಣಿಸಬೇಕಾಯಿತು.

ಮನೆಯಾಕೆಗೆ? ಮೋಟಾರು ಕಾಯ್ದೆಗೆ 1994ರಲ್ಲಿ ಸೇರಿದ ಅನುಸೂಚಿಯ ಪ್ರಕಾರ ಆಕೆಯ ಆದಾಯ ಗಂಡನ ಸಂಪಾದನೆಯ ಮೂರನೇ ಒಂದು ಪಾಲಾಗಿತ್ತು. ಗಂಡನಿಗೆ ಸಂಬಳ ಹೆಚ್ಚಿದ್ದರೆ ಹೆಂಡತಿಯ ಅಡುಗೆಗೂ ಬೆಲೆ ಹೆಚ್ಚು! 2010ರಲ್ಲಿ ಸುಪ್ರೀಂ ಕೋರ್ಟು ಈ ಅಳತೆಯನ್ನು ತರಾಟೆಗೆ ತೆಗೆದುಕೊಂಡಿತು. ಗೃಹಿಣಿಯರನ್ನು ಭಿಕ್ಷುಕರ, ಕೈದಿಗಳ ಸಾಲಿಗೆ ಸೇರಿಸಿದ್ದ ಜನಗಣತಿಯನ್ನೂ ಟೀಕಿಸಿತು. 2021ರ ತೀರ್ಪಿನಲ್ಲಿ ಅದೇ ಕೋರ್ಟು ಸಮೀಕ್ಷೆಯೊಂದನ್ನು ಮುಂದಿಟ್ಟಿತು: ಸಂಬಳವಿಲ್ಲದ ಮನೆಗೆಲಸಕ್ಕೆ ಹೆಂಗಸರು ದಿನಕ್ಕೆ 299 ನಿಮಿಷ ತೆರುತ್ತಾರೆ, ಗಂಡಸರು 97.

ಶಿರಾದವನಿಗೆ ಈ ತೀರ್ಪುಗಳೆಲ್ಲ ತಡವಾದವು. ಅವತ್ತು ನಾನೇ ಕೆದಕಿ ಕೇಳಿದೆ. ಎರಡು ಸೀಮೆಹಸು ಇದ್ದವು. ಹುಲ್ಲು ತರುವುದು, ಹಾಲು ಕರೆಯುವುದು, ಎರಡೂ ಹೊತ್ತು ಡೇರಿಗೆ ಹಾಕುವುದು ಅವಳೇ. ಡೇರಿಯ ಪುಸ್ತಕ ಮಾತ್ರ ಗಂಡನ ಹೆಸರಿನಲ್ಲಿ. ‘ಗೃಹಿಣಿ ಮತ್ತು ಹೈನುಗಾರಿಕೆ’ ಎಂದು ಟೈಪು ಮಾಡಿದೆ.

ಪಾಟೀಸವಾಲಿನಲ್ಲಿ ವಿಮೆಯವರ ವಕೀಲರು ಆ ಪುಸ್ತಕವನ್ನೇ ಎತ್ತಿ ಹಿಡಿದರು. “ಹಸು ನಿಮ್ಮವು, ಲೆಕ್ಕ ನಿಮ್ಮ ಹೆಸರಲ್ಲಿದೆ. ಆದಾಯ ಈಗಲೂ ಬರುತ್ತಲ್ವಾ?”

ಕಟಕಟೆಯಲ್ಲಿ ನಿಂತವನು ಟವೆಲ್ಲು ಸರಿಮಾಡಿಕೊಂಡು ಹೇಳಿದ: “ಕರೆಯೋರಿಲ್ದೆ ಮಾರ್ಬಿಟ್ಟೆ ಸಾರ್.”